ಸ್ವಂತ ಹೊಲದಾಗ ಕುಣಿ ತೆಗೆಯೂದು: ಎರಿ ಮಣ್ಣು, ಬೋರ್, ಉಪ್ಪು, ಗದ್ದುಗಿ ಬಗ್ಗೆ ತಿಳಿದವರು ಹೇಳ್ರಿ

ಎರಿಹೊಲ (ಪ್ರಶ್ನೆ)

ನಮಸ್ಕಾರರಿ ಎಲ್ಲಾರಿಗೂ. ವಿಜಯಪುರ ಜಿಲ್ಲಾ, ಬಸವನ ಬಾಗೇವಾಡಿ ತಾಲೂಕಿನಾಗ ನಾಲ್ಕು ಎಕರೆ ಹೊಲ. ಎರಿ ಮಣ್ಣು. ಒಂದು ಬೋರ್ ಅದ, ಅದರ ನೀರು ಹೊಲದ ಮನಿಯವರು ಕುಡೀತಾರ. ಬೋರಿನ ಆ ಕಡೆ ಮೂಲ್ಯಾಗ ಒಂದು ಹಳೇ ಬಾವಿ, ಕೆಳಗಿನ ಬದಿಗೆ ಸಣ್ಣ ಹಳ್ಳ. ಮನಿತನದ ಸಮಾಧಿಗೆ ಹೊಲದಾಗೇ ಜಾಗ ಗೊತ್ತು ಮಾಡಿ ಇಡಬೇಕಂತ ವಿಚಾರ ಅದ. ಲಿಂಗಾಯತರ ಕ್ರಿಯಾ ಸಮಾಧಿ, ಅಂದ್ರ ದೇಹ ಕೂಡಿಸಿ ಹೂಳೂದು.

ಕೇಳೂದು ಇಷ್ಟ್ರಿ. ಬೋರಿನಿಂದ ಎಷ್ಟು ದೂರ ಇರಬೇಕು? "ಒಂಬತ್ತು ಅಡಿ" ಆಳ ಅಂತಾರ, ಅಷ್ಟು ಬೇಕೇನು? ಉಪ್ಪು ಒಂದು ಚೀಲ ಸುರೂತಾರ, ಅದರಿಂದ ಭೂಮಿಗೆ ಏನಾಗ್ತದ? ಸಮಾಧಿ ಮ್ಯಾಲ ಕಟ್ಟೂ ಸಿಮೆಂಟ್ ಗದ್ದುಗಿ ಬದಲಿ ಏನು ಮಾಡಬಹುದು? ಮ್ಯಾಲ ಗಿಡ ಹಚ್ಚಬಹುದೇನು? ಸುಡೂದಕ್ಕಿಂತ ಹೂಳೂದು ಪರಿಸರಕ್ಕ ಛಲೋ ಅಂತಾರಲ್ಲ, ಅದು ಖರೇನ?

ಅಂತರ್ಜಲ

ಮೊದಲು ಜಾಗ, ಆಮೇಲೆ ಆಳ. ಉಪ್ಪು, ಬಟ್ಟೆ, ಗದ್ದುಗೆ ಇವನ್ನೆಲ್ಲ ನಂತರವೂ ತಿದ್ದಿಕೊಳ್ಳಬಹುದು. ತಪ್ಪು ಜಾಗದಲ್ಲಿ ತೆಗೆದ ಕುಣಿಯನ್ನು ತಿದ್ದಲಿಕ್ಕೆ ಬರುವುದಿಲ್ಲ.

ವಿಶ್ವ ಆರೋಗ್ಯ ಸಂಸ್ಥೆ 1998ರಲ್ಲಿ ಸ್ಮಶಾನ ಮತ್ತು ನೀರಿನ ಸಂಬಂಧದ ಬಗ್ಗೆ ಒಂದು ವರದಿ ತಂದಿದೆ. ಅದರ ಅಳತೆ ಹೀಗಿವೆ: ಕುಡಿಯುವ ನೀರಿನ ಬಾವಿ, ಬೋರ್, ಒರತೆಯಿಂದ 250 ಮೀಟರ್. ಹಳ್ಳ, ಹೊಳೆಯಿಂದ 30 ಮೀಟರ್. ಹೊಲದ ಬಸಿಗಾಲುವೆಯಿಂದ 10 ಮೀಟರ್. ಕುಣಿಯ ತಳದ ಕೆಳಗೆ, ಕಲ್ಲು ಹತ್ತುವ ಮೊದಲು, ಒಂದು ಮೀಟರ್ ಮಣ್ಣು ಉಳಿದಿರಬೇಕು. ಮಳೆಗಾಲದಲ್ಲಿ ನೀರು ಎಷ್ಟು ಮೇಲಕ್ಕೆ ಬರುತ್ತದೋ ಆ ಮಟ್ಟಕ್ಕಿಂತಲೂ ತಳ ಒಂದು ಮೀಟರ್ ಮೇಲಿರಬೇಕು. ಮೇಲೆ ಒಂದು ಮೀಟರ್ ಮಣ್ಣಿನ ಹೊದಿಕೆ.

ಈಗ ಲೆಕ್ಕ ನೋಡಿ. ನಾಲ್ಕು ಎಕರೆ ಹೊಲ ಚೌಕಾಗಿದ್ದರೆ ಒಂದು ಬದಿ 127 ಮೀಟರ್, ಮೂಲೆಯಿಂದ ಮೂಲೆಗೆ 180. ಅಂದರೆ 250 ಮೀಟರ್ ನಿಮ್ಮ ಹೊಲದೊಳಗೆ ಸಿಗುವುದೇ ಇಲ್ಲ. ಆ ಅಳತೆ ಸಾಲುಸಾಲಾಗಿ ಹೂಳುವ ಸ್ಮಶಾನಕ್ಕೆ ಹಾಕಿದ್ದು. ಮನೆತನದ ಒಂದೆರಡು ಸಮಾಧಿಗೆ ಅಷ್ಟೇ ಕಟ್ಟುನಿಟ್ಟು ಬೇಕಿಲ್ಲ ಅಂತ ನನ್ನ ಅಭಿಪ್ರಾಯ, ಆದರೆ ಮೂರು ಷರತ್ತು. ಕುಣಿ ಬೋರಿಗಿಂತ ಇಳಿಜಾರಿನ ಕೆಳಬದಿಗೆ ಇರಬೇಕು. ಬೋರಿನಿಂದ ಹೊಲದಲ್ಲಿ ಸಿಗುವಷ್ಟೂ ದೂರ ಹೋಗಬೇಕು, ಹಳ್ಳದಿಂದ ಮಾತ್ರ 30 ಮೀಟರ್ ಬಿಟ್ಟು. ಕುಡಿಯುವ ನೀರನ್ನು ಆ ಬೋರಿನಿಂದ ಬಿಡಿಸಿ ನಲ್ಲಿಗೋ ಬೇರೆ ಮೂಲಕ್ಕೋ ಹಾಕಿಕೊಳ್ಳಬೇಕು. ಆ ಬೋರ್ ಬೆಳೆಗೆ ಮಾತ್ರ ಅಂತಾದರೆ ಅರ್ಧ ಚಿಂತೆ ಕಳೆಯಿತು.

ಇಷ್ಟು ಹುಷಾರಿ ಯಾಕೆ ಅಂದರೆ ನಿಮ್ಮ ಕಡೆ ಕೆಳಗಿರುವುದು ಬಸಾಲ್ಟ್, ಕರಿಕಲ್ಲು. ಮಣ್ಣಿನಲ್ಲಿ ನೀರು ನಿಧಾನಕ್ಕೆ ಸೋಸಿ ಇಳಿಯುತ್ತದೆ, ರೋಗಾಣುಗಳು ದಾರಿಯಲ್ಲೇ ಸಾಯುತ್ತವೆ. ಅದೇ ನೀರು ಕಲ್ಲಿನ ಬಿರುಕಿಗೆ ಸಿಕ್ಕರೆ ಸೋಸುವುದೇ ಇಲ್ಲ, ಪೈಪಿನಲ್ಲಿ ಹರಿದ ಹಾಗೆ ಬೋರಿಗೆ ಹೋಗುತ್ತದೆ. ಹಾಗಾಗಿ ದೂರಕ್ಕಿಂತ ತಳದ ಕೆಳಗಿನ ಆ ಒಂದು ಮೀಟರ್ ಮಣ್ಣಿಗೇ ನಾನು ಹೆಚ್ಚು ಬೆಲೆ ಕೊಡುತ್ತೇನೆ.

ಮಡ್ಡಿ ಭೂಮಿ, ಅಂದರೆ ಎರಡು ಅಡಿಗೇ ಗರಸು (ಶಿಥಿಲವಾದ ಕಲ್ಲು) ಹತ್ತುವ ಜಾಗ, ಇದಕ್ಕೆ ಬರುವುದಿಲ್ಲ. ಕಾಲುವೆ ನೀರು ಕುಡಿದು ಸವಳು-ಜವಳಾದ ಭೂಮಿಯೂ ಬರುವುದಿಲ್ಲ. ಆಲಮಟ್ಟಿ ಹಿನ್ನೀರಿನ ಅಂಚಿನವರಿಗೆ ಬೇರೆಯೇ ತೊಂದರೆ: ಬೇಸಿಗೆಯಲ್ಲಿ ಒಣಗಿದಂತೆ ಕಂಡ ಜಾಗದಲ್ಲಿ, ಜಲಾಶಯ 519.60 ಮೀಟರಿಗೆ ತುಂಬಿದ ಮೇಲೆ ನೀರು ಕೆಳಗಿನಿಂದ ಏರಿ ಬರುತ್ತದೆ. ನೀರು ನಿಂತ ಜಿಗಟು ಮಣ್ಣಿನಲ್ಲಿ ಗಾಳಿ ಆಡುವುದಿಲ್ಲ. ಆಗ ದೇಹ ಮಣ್ಣಾಗುವ ಬದಲು ಕೊಬ್ಬೆಲ್ಲ ಮೇಣದಂತೆ ಗಟ್ಟಿಯಾಗಿ ಹತ್ತಾರು ವರ್ಷ ಹಾಗೇ ಉಳಿಯುತ್ತದೆ.

ಪರೀಕ್ಷೆ ಮಾಡುವುದು ಸುಲಭ. ಹಳೇ ಬಾವಿ ಇದೆ ಅಂದಿರಲ್ಲ, ಅದರ ಗೋಡೆಯಲ್ಲೇ ಪದರ ಕಾಣುತ್ತವೆ. ಎಷ್ಟು ಅಡಿ ಎರೆ, ಎಲ್ಲಿಂದ ಗರಸು, ಎಲ್ಲಿಂದ ಕಲ್ಲು, ಟೇಪು ಬಿಟ್ಟು ಬರೆದುಕೊಳ್ಳಿ. ಆಮೇಲೆ ಆರಿಸಿದ ಜಾಗದಲ್ಲಿ ಕುಣಿಯಷ್ಟೇ ಆಳಕ್ಕೆ ಒಂದು ಸಣ್ಣ ತೆಗ್ಗು ತೆಗೆದು, ತಳದಲ್ಲಿ ಒಂದು ಅಡಿ ನೀರು ನಿಲ್ಲಿಸಿ. ಮರುದಿನ ಮುಂಜಾನೆಯೂ ನೀರು ನಿಂತಿದ್ದರೆ ಆ ಜಾಗ ಬಿಡಿ. ಬೇಸಿಗೆಯಲ್ಲಿ ಈ ಪರೀಕ್ಷೆ ಮಾಡಿ ಮೋಸ ಹೋಗಬೇಡಿ, ಒಣ ಎರೆಯ ಬಿರುಕಿನಲ್ಲಿ ಎಷ್ಟು ಸುರಿದರೂ ನೀರು ಮಾಯವಾಗುತ್ತದೆ. ಹಸ್ತ ಮಳೆ ಮುಗಿದ ಮೇಲೆ ಮಾಡಿದರೆ ಖರೆ ಗೊತ್ತಾಗುತ್ತದೆ.

ದೇಹವೇ ನೀರು ಕೆಡಿಸುತ್ತದೆ ಅಂತ ಹೆದರುವವರಿಗೆ ಒಂದು ಲೆಕ್ಕ: 70 ಕೆಜಿ ದೇಹದಲ್ಲಿ 40 ಲೀಟರಿನಷ್ಟು ನೀರೇ ಇರುತ್ತದೆ. ಸಾರಜನಕ ಸುಮಾರು 2 ಕೆಜಿ, ರಂಜಕ ಸುಮಾರು 700 ಗ್ರಾಂ. 2 ಕೆಜಿ ಸಾರಜನಕ ಅಂದರೆ ನಾಲ್ಕೂವರೆ ಕೆಜಿ ಯೂರಿಯಾ, ಒಂದು ಚೀಲದ ಹತ್ತನೇ ಒಂದು ಪಾಲು. ಜಮಖಂಡಿ, ಅಥಣಿ ಕಡೆ ಕಬ್ಬಿಗೆ ಎಕರೆಗೆ 100 ಕೆಜಿ ಸಾರಜನಕ ಹಾಕುತ್ತೇವೆ, ಅದರ ಬಗ್ಗೆ ಯಾರೂ ಪ್ರಶ್ನೆ ಕೇಳುವುದಿಲ್ಲ. ತೊಂದರೆ ದೇಹದ್ದಲ್ಲ. ಅದರ ಜೊತೆ ನಾವು ಒಳಗೆ ಹಾಕುವುದರದ್ದು, ಮೇಲೆ ಕಟ್ಟುವುದರದ್ದು.

ಸಲಿಕಿ_ಗುದ್ದಲಿ, ಬಾಗಲಕೋಟಿ

ಆಳದ ಮಾತು ನಾ ಹೇಳ್ತೀನ್ರಿ. "ಒಂಬತ್ತು ಅಡಿ" ಅಂದ್ರ ಟೇಪಿನ ಅಡಿ ಅಲ್ಲ. ತೀರಿಕೊಂಡವರ ಪಾದದ ಅಳತಿಲೆ ಒಂಬತ್ತು ಪಾದ. ಪಾದ 24 ಸೆಂಟಿಮೀಟರ್ ಇದ್ರ ಒಂಬತ್ತು ಪಾದಕ್ಕ 216 ಸೆಂಟಿಮೀಟರ್, ಟೇಪಿನಾಗ ಏಳು ಅಡಿ ಒಂದು ಇಂಚು. ಹೆಣ್ಣುಮಗಳ ಪಾದ 22 ಅಂತ ಹಿಡದ್ರ ಆರೂವರಿ ಅಡಿ. ಈಗ ಜೆಸಿಬಿ ಕರಸಿ, ಟೇಪ್ ಹಿಡದು ಒಂಬತ್ತು ಅಡಿ ಹೊಡಸ್ತಾರ. ಎರಡು ಅಡಿ ದಂಡಕ್ಕ ಹೆಚ್ಚು, ಗರಸಿನಾಗ ಇಳದಿರತೈತಿ.

ಬ್ಯಾರೆ ಲೆಕ್ಕದಿಂದ ನೋಡಿದ್ರೂ ಅಷ್ಟ ಬರತೈತಿ. ಕುಂತ ಮನಷ್ಯಾನ ಎತ್ತರ ಪೌಣೆ ಮೂರು ಅಡಿ. ಅದರ ಮ್ಯಾಲ ಒಂದು ಮೀಟರ್ ಅಂದ್ರ ಮೂರೂಕಾಲು ಅಡಿ ಮಣ್ಣು. ಒಟ್ಟು ಆರು ಅಡಿ. ಹಿರ್ಯಾರು ಪಾದ ಅಳದು ಹೇಳಿದ್ದು ಸುಳ್ಳಲ್ಲ ನೋಡ್ರಿ.

ಅಗಿಯೂ ರೀತಿ: ಮ್ಯಾಲಿನ ಒಂದು ಅಡಿ ಮಣ್ಣು ಬ್ಯಾರೆ ಕಡೆ ಹಾಕ್ರಿ, ಕೆಳಗಿಂದು ಬ್ಯಾರೆ ಕಡೆ. ಎರಡೂ ಕೂಡಸಬ್ಯಾಡ್ರಿ. ಮ್ಯಾಲಿನ ಮಣ್ಣಾಗ ಜೀವ ಇರತೈತಿ, ಕೊನಿಗೆ ಅದ ಮ್ಯಾಲ ಬರಬೇಕು. ತಗದ ಮಣ್ಣು ಕುಣಿ ಬಾಯಿಂದ ಕನಿಷ್ಠ ಮೂರು ಅಡಿ ಆಚೆ ಇರಲಿ. ಬಾಯಿಗೇ ಗುಡ್ಡಿ ಹಾಕಿದ್ರ ಅದರ ಭಾರಕ್ಕ ಗ್ವಾಡಿ ಒಳಗ ಕುಸಿತೈತಿ, ಕೆಳಗಿದ್ದ ಆಳು ಹೂತು ಹೋಗ್ತಾನ. ಹಸಿ ಎರಿ ಭಾಳ ಮೋಸದ್ದು. ಮುಂಜಾನಿ ಗ್ವಾಡಿ ನೆಟ್ಟಗ ನಿಂತಿರತೈತಿ, ಮಧ್ಯಾಹ್ನ ಬಿಸಿಲಿಗೆ ಬಿರಕ ಬಿಟ್ಟು ಒಮ್ಮೆಲೇ ಹಲಗಿಗತೆ ಬೀಳತೈತಿ. ಒಂದು ಬದಿಗೆ ಮೂರು ಮೆಟ್ಟಲಾ ಬಿಡೂದು ಶಾಸ್ತ್ರಕ್ಕೂ ಆತು, ಹತ್ತಿ ಇಳಿಯಾಕೂ ಆತು. ಆಳು ಒಬ್ಬನ ಒಳಗ ಇಳಿಬಾರದು, ಮ್ಯಾಲ ಇನ್ನೊಬ್ಬ ಇರಲೇಬೇಕು.

ಜೆಸಿಬಿ ಹಚ್ಚಿದ್ರ ಎರಡು ತ್ರಾಸ. ಗಾಲಿ ಓಡ್ಯಾಡಿ ಸುತ್ತಲಿನ ಹೊಲ ಗಟ್ಟಿ ಆಗತೈತಿ, ಮುಂದಿನ ವರ್ಷ ಅಲ್ಲೆ ಜ್ವಾಳ ಏಳೂದಿಲ್ಲ. ಎರಡನೇದು, ಬಕೆಟ್ ಬೆನ್ನಿಲೆ ಗ್ವಾಡಿ ತಿಕ್ಕಿ ತಿಕ್ಕಿ ಗಿಲಾವ ಮಾಡಿದಂಗ ನುಣ್ಣಗ ಆಗತೈತಿ. ಆ ನುಣುಪಿನಾಗ ನೀರು ಪಾರಾಗೂದಿಲ್ಲ, ಕುಣಿ ಅನ್ನೂದು ನೀರಿನ ಟಾಕಿ ಆಗಿ ಕೂಡತೈತಿ. ಜೆಸಿಬಿ ಹಚ್ಚಲೇಬೇಕಾದ್ರ ಕೊನಿಗೆ ಹಾರಿ ತಗೊಂಡು ಗ್ವಾಡಿಗೂ ತಳಕ್ಕೂ ಗಿಚ್ಚ ಹಾಕ್ರಿ.

ದೇಹ ಕೂಡಸಾಕ ಕುಣಿ ಗ್ವಾಡಿಗೆ ಗೂಡು ಕೊರಿಯೂದು ಗರಸು ಮಿಶ್ರ ಮಣ್ಣಾಗ ನಿಲ್ಲತೈತಿ, ಹಸಿ ಎರಿಯಾಗ ನಿಲ್ಲೂದಿಲ್ಲ. ಮಳಿಗಾಲದಾಗ ಆದ್ರ ಗೂಡಿನ ಬಾಯಿಗೆ ಪರಸಿ ಕಲ್ಲು ಇಲ್ಲಾ ಹಸಿ ಇಟ್ಟಂಗಿ ಇಡ್ರಿ. ಸುಟ್ಟ ಇಟ್ಟಂಗಿ, ಸಿಮೆಂಟ್ ಬ್ಲಾಕ್ ಬ್ಯಾಡ. ಹಸಿ ಇಟ್ಟಂಗಿ ಆರು ತಿಂಗಳಿಗೆ ಮಣ್ಣಾಗ ಮಣ್ಣು ಆಗಿ ಹೊಕ್ಕೈತಿ.

ತುಂಬುವಾಗ: ತಳದಾಗ ಒಂದು ಗೇಣು ಒಣ ಕಣಕಿ, ತೊಗರಿ ಕಟಿಗಿ, ಹೊಟ್ಟು ಹಾಸ್ರಿ. ದೇಹದ ನೀರು ಅದು ಹೀರಕೋತೈತಿ, ಗಾಳಿಗೆ ಸಂದಿ ಇರತೈತಿ. ಬಿಲ್ವಪತ್ರಿ, ವಿಭೂತಿ ಎಲ್ಲಾ ನಿಮ್ಮ ಪದ್ಧತಿ ಪ್ರಕಾರ ನಡೀಲಿ. ಆಮ್ಯಾಲ ಕೆಳಗಿನ ಎರಿಗೆ ಮೂರಕ್ಕೊಂದು ಪಾಲು ಗರಸು ಕೂಡಸಿ ಹಾಕ್ರಿ, ಹೆಂಟಿ ಒಡದ ಹಾಕ್ರಿ. ಹೆಂಟಿ ಹಂಗ ಉರುಳಸಿದ್ರ ನಡುವ ಪೊಳ್ಳು ಉಳೀತೈತಿ, ಮೊದಲ ಮಳಿಗೆ ಕುಸಿದು ತೆಗ್ಗು ಬೀಳತೈತಿ. ಕಾಲಿಲೆ ತುಳಿರಿ, ಮಷಿನ್‌ಲೆ ಬಡಿಬ್ಯಾಡ್ರಿ. ಅಗದ ಮಣ್ಣು ನಾಲ್ಕರಾಗ ಒಂದು ಪಾಲು ಉಬ್ಬಿರತೈತಿ, ಉಳಿದಿದ್ದು ಎಲ್ಲಾ ಮ್ಯಾಲ ಒಂದೂವರಿ ಅಡಿ ದಿಬ್ಬ ಮಾಡಿ ಏರಸ್ರಿ. ಹೊರಗ ಒಯ್ದು ಚೆಲ್ಲಬ್ಯಾಡ್ರಿ, ಆರು ತಿಂಗಳಿಗೆ ಅದು ಎಲ್ಲಾ ಇಳೀತೈತಿ.

ದಿಬ್ಬದ ಮ್ಯಾಲ ಜಾಲಿ ಮುಳ್ಳು ಹೇರಿ ಕಲ್ಲು ಇಡ್ರಿ. ನಾಯಿ, ನರಿ ಕೆದರೂದು ಮೊದಲಿನ ಹದಿನೈದು ದಿನದಾಗ. ಎರಿಗೆ ಇನ್ನೊಂದು ಗುಣ: ಮಾಗಿ ಮುಗದು ಬಿಸಲ ಹತ್ತಿತಂದ್ರ ಕೈ ಹೊಕ್ಕುವಂಥಾ ಬಿರಕ ಬಿಡತೈತಿ, ಮೂರು ಅಡಿ ಆಳ ಹೋಗತೈತಿ. ಅಲ್ಲಿಂದ ವಾಸನಿ ಬರತೈತಿ, ಮೊದಲ ಮಳಿ ನೀರು ನೆಟ್ಟಗ ಕೆಳಗ ಇಳೀತೈತಿ. ಅದಕ್ಕ ಗರಸು ಕೂಡಸ್ರಿ ಅಂದಿದ್ದು. ಶಿವರಾತ್ರಿ ಸುಮಾರಿಗೆ ಒಮ್ಮೆ ಹೋಗಿ ಬಿರಕ ಕಂಡ್ರ ಪುಡಿ ಮಣ್ಣು ತುಂಬ್ರಿ.

ಇಳಕಲ್_ನೂಲು

ಒಳಗೆ ಹಾಕುವುದರದ್ದು ತೊಂದರೆ ಅಂದರಲ್ಲ, ಬಟ್ಟೆಯಿಂದ ಶುರು ಮಾಡುವೆ. ಈಗ ಅಂಗಡಿಯಲ್ಲಿ "ರೇಷ್ಮೆ ಶಾಲು" ಅಂತ ಸಿಗುವ ಹೊಳೆಯುವ ಶಾಲುಗಳು ಬಹುಪಾಲು ಪಾಲಿಯೆಸ್ಟರ್. ಮಣ್ಣಿನಲ್ಲಿ ಅದು ಕೊಳೆಯುವುದಿಲ್ಲ. ಮೈಗೆ ಸುತ್ತಿದ್ದರೆ ಚೀಲ ಕಟ್ಟಿದಂತೆ ಗಾಳಿ, ಹುಳು ಎರಡನ್ನೂ ತಡೆಯುತ್ತದೆ. ಒಂದು ಎಳೆ ಕಿತ್ತು ಕಡ್ಡಿ ಗೀರಿ ನೋಡಿ. ಹತ್ತಿಯಾದರೆ ಕಾಗದ ಸುಟ್ಟ ವಾಸನೆ, ಮುಟ್ಟಿದರೆ ಪುಡಿಯಾಗುವ ಬೂದಿ. ರೇಷ್ಮೆಯಾದರೆ ಕೂದಲು ಸುಟ್ಟ ವಾಸನೆ. ಕರಗಿ ಕರಿಮಣಿಯಂತೆ ಗಟ್ಟಿ ಗುಂಡು ಉಳಿದರೆ ಪಾಲಿಯೆಸ್ಟರ್, ತೆಗೆದಿಡಿ.

ಇಳಕಲ್ ಸೀರೆಯ ಬಗ್ಗೆ ಬಹಳ ಜನ ಕೇಳುತ್ತಾರೆ. ಒಡಲಿಗೆ ಹತ್ತಿ, ಸೆರಗಿಗೆ ರೇಷ್ಮೆ ಅಥವಾ ಆರ್ಟ್ ಸಿಲ್ಕ್ ಹಾಕಿ ನೇಯ್ದದ್ದಾದರೆ ನಿಶ್ಚಿಂತೆಯಿಂದ ಉಡಿಸಬಹುದು. ಆದರೆ ಆರ್ಟ್ ಸಿಲ್ಕ್ ರೇಯಾನ್ ಆಗಿರಬೇಕು, ಅದು ಮರದ ತಿರುಳಿನಿಂದ ಮಾಡಿದ ನೂಲು, ಮಣ್ಣಾಗುತ್ತದೆ; ಪಾಲಿಯೆಸ್ಟರ್ ಆದರೆ ಬೇಡ. ಮಗ್ಗದ ಮೇಲಿನದಲ್ಲದೆ ಬರೀ ಇಳಕಲ್ ಮಾದರಿಯ ಅಚ್ಚಿನ ಸೀರೆಗಳು ಬರುತ್ತವೆ, ಅವು ಬೇಡ. ಎಲ್ಲಕ್ಕಿಂತ ಸುಲಭ, ಕೋರಾ ಹತ್ತಿ ಬಟ್ಟೆ ಐದಾರು ಮೀಟರ್.

ಹೂವಿನ ಹಾರದಲ್ಲಿ ಹೂ ಮಣ್ಣಾಗುತ್ತದೆ, ಪೋಣಿಸಿದ ನೈಲಾನ್ ದಾರ ಮತ್ತು ಜರಿ ಪಟ್ಟಿ ಉಳಿಯುತ್ತವೆ. ಕುಣಿಯ ಬಾಯಲ್ಲಿ ಒಬ್ಬರು ಕತ್ತರಿ ಹಿಡಿದು ನಿಂತು ದಾರ ಕತ್ತರಿಸಿ ಹೂವಷ್ಟೇ ಒಳಗೆ ಬಿಡಲಿ. ವಿಮಾನಕ್ಕೆ, ಅಂದರೆ ಹೆಣ ಕೂಡಿಸಿ ಹೊರುವ ಸಿಂಗರಿಸಿದ ಮಂಟಪಕ್ಕೆ, ಕಟ್ಟಿದ ಥರ್ಮಾಕೋಲ್, ಪ್ಲಾಸ್ಟಿಕ್ ಹೂ, ಬಲೂನು ಹೊಲದ ಬದುವಿಗೆ ಎಸೆದು ಬರುವುದು ನಮ್ಮ ಕಡೆಯ ದೊಡ್ಡ ಕೆಟ್ಟ ಚಟ. ಬಾಳೆಕಂಬ, ಕಬ್ಬು, ಮಾವಿನ ತಳಿರು, ಚೆಂಡುಹೂ ಇದ್ದರೆ ವಿಮಾನಕ್ಕೆ ಇನ್ನೇನು ಬೇಕು? ಚೀಲದಲ್ಲಿ ಬರುವ ಕುಂಕುಮ, ಭಂಡಾರಕ್ಕೆ ಎಷ್ಟೋ ಸಲ ರಾಸಾಯನಿಕ ಬಣ್ಣ ಕಲಸಿರುತ್ತಾರೆ, ಮನೆಯಲ್ಲಿ ಬೀಸಿದ ಅರಿಷಿಣ ಸಾಕು.

ಮೈಮೇಲಿನದು: ಆಸ್ಪತ್ರೆಯಿಂದ ಬಂದವರಾದರೆ ಮೂತ್ರದ ನಳಿಗೆ, ಸಲೈನ್ ಸೂಜಿ, ಬ್ಯಾಂಡೇಜ್, ಡೈಪರ್ ಎಲ್ಲ ಅಲ್ಲಿಯೇ ತೆಗೆಸಿ. ಪ್ಲಾಸ್ಟಿಕ್ ಶವಚೀಲದ ಸಮೇತ ಇಳಿಸಬೇಡಿ. ಪೇಸ್‌ಮೇಕರ್ ಇದ್ದರೆ ವೈದ್ಯರಿಂದ ತೆಗೆಸಲೇಬೇಕು. ಸುಡುವುದಾದರೆ ಅದು ಸಿಡಿಯುತ್ತದೆ, ಹೂಳಿದರೆ ಬ್ಯಾಟರಿ ಮಣ್ಣಲ್ಲಿ ಉಳಿಯುತ್ತದೆ.

ಪುಣೆ, ಮುಂಬೈಯಿಂದ ಮಕ್ಕಳು ಬರುವ ತನಕ ಕಾಯಲಿಕ್ಕೆ ಫ್ರೀಜರ್ ಪೆಟ್ಟಿಗೆ ಸಾಕು. ಫಾರ್ಮಾಲಿನ್ ಚುಚ್ಚಿಸಬೇಡಿ. ಮಣ್ಣಾಗಿಸುವ ಸೂಕ್ಷ್ಮಜೀವಿಗಳನ್ನೇ ಕೊಲ್ಲುವ ದ್ರಾವಣ ಅದು, ಅದರ ಫಾರ್ಮಾಲ್ಡಿಹೈಡ್ ಕ್ಯಾನ್ಸರ್ ತರುವಂಥದ್ದು ಅಂತ ಪಟ್ಟಿಯಾಗಿದೆ. ವಿಮಾನದಲ್ಲಿ, ಹಾರುವ ವಿಮಾನದಲ್ಲಿ, ತರುವಾಗ ಅದು ಅನಿವಾರ್ಯ. ಆಗ ಬೋರಿನ ಅಂತರದ ಬಗ್ಗೆ ಇನ್ನೂ ಬಿಗಿಯಾಗಿರಿ.

ಹಸಿರುಮನ

ಇಷ್ಟೆಲ್ಲ ಯಾಕೆ? ಒಂದು ಚೀಲ ಸುಣ್ಣ ಹಾಕಿದರೆ ಬೇಗ ಕರಗುತ್ತದೆ. ಮೇಲೆ ಒಂದು ಆಲದ ಸಸಿ ನೆಡಿ, ನೆನಪೂ ಉಳಿಯುತ್ತದೆ, ನೆರಳೂ ಆಗುತ್ತದೆ.

ಅಂತರ್ಜಲ

@ಹಸಿರುಮನ, ಎರಡೂ ತಪ್ಪು. ಸುಣ್ಣ ವಾಸನೆ ತಡೆಯುತ್ತದೆ, ನೊಣ ತಡೆಯುತ್ತದೆ. ಅದಕ್ಕೇ ಜನರಿಗೆ ಕರಗಿತು ಅನ್ನಿಸುವುದು. ಪ್ರಯೋಗ ಮಾಡಿ ಅಗೆದು ನೋಡಿದಾಗ ಸುಣ್ಣ ಹಾಕಿದಲ್ಲಿ ಕೊಳೆಯುವಿಕೆ ನಿಧಾನವಾದದ್ದು ಕಂಡಿದೆ. ವಿಜಯಪುರದ ಎರೆ ಮೊದಲೇ ಕ್ಷಾರದ ಮಣ್ಣು, ಅದಕ್ಕೆ ಸುಣ್ಣ ಬೇರೆ ಬೇಡ.

ಆಲ, ಅರಳಿ, ಬಸರಿ ಹೊಲದ ನಡುವೆ ನೆಟ್ಟರೆ ಬೇರು ಎಲ್ಲಿಗೆ ಹೋಗುತ್ತದೆ ಅಂತ ಹೇಳಲಿಕ್ಕಾಗದು, ಬಾವಿಯ ಗೋಡೆ ಒಡೆಯುತ್ತವೆ. ಯಾವ ಗಿಡವನ್ನೂ ನೇರ ಕುಣಿಯ ಮೇಲೆ ಹಚ್ಚಬಾರದು. ಮೊದಲ ವರ್ಷ ಮಣ್ಣು ಕುಸಿಯುತ್ತಲೇ ಇರುತ್ತದೆ, ಸಸಿ ವಾಲಿ ಬೇರು ಹರಿಯುತ್ತದೆ. ಕೆಳಗೆ ಅಮೋನಿಯಾ ಹೆಚ್ಚಿ ಎಳೆ ಬೇರು ಸುಡುತ್ತದೆ. ಕುಣಿಯ ಅಂಚಿನಿಂದ ನಾಲ್ಕೈದು ಅಡಿ ಆಚೆ, ತಗ್ಗಿನ ಬದಿಗೆ ಹಚ್ಚಿ. ಬೇರು ತಾನೇ ಹುಡುಕಿಕೊಂಡು ಬರುತ್ತದೆ.

600 ಮಿಲಿಮೀಟರ್ ಆಸುಪಾಸಿನ ಮಳೆಗೆ, ಎರೆಗೆ: ಬೇವು, ಬನ್ನಿ, ಬಿಲ್ವ, ಹುಣಸೆ. ಸಮಾಧಿಗೆ ಬಿಲ್ವ ಎಲ್ಲರೂ ಇಷ್ಟಪಡುತ್ತಾರೆ, ಕ್ಷಾರವನ್ನೂ ತಾಳಿಕೊಳ್ಳುತ್ತದೆ. ಎರಡು ಅಡಿ ಗುಂಡಿ, ಎರಡು ಬುಟ್ಟಿ ತಿಪ್ಪೆಗೊಬ್ಬರ, ಮಿರಗ ಅಥವಾ ಆರಿದ್ರಾ ಮಳೆಗೆ ನೆಡಿ. ಎರಡು ಬೇಸಿಗೆ ಕೈನೀರು ಹಾಕಬೇಕು, ಮೇಕೆಗೆ ಮುಳ್ಳುಬೇಲಿ ಕಟ್ಟಬೇಕು. ಖಾನಾಪುರದ ಕಡೆಯವರಿಗೆ ನೇರಳೆ, ಹಲಸು, ಹೊನ್ನೆ ಇವೆ.

ಎರಿಹೊಲ

ಭಾಳ ಉಪಕಾರ ಆತ್ರಿ. ಉಪ್ಪಿಂದು ಮಾತ್ರ ಯಾರೂ ಹೇಳಲಿಲ್ಲ. ಹಿರ್ಯಾರು ಉಪ್ಪು ಬಿಡಾಕ ಒಪ್ಪೂದಿಲ್ಲ. ಒಂದು ಚೀಲಕ್ಕ ಕಡಿಮಿ ಹಾಕಿದ್ರ ಹೆಣ ವಾಸನಿ ಬರ್ತದ ಅಂತಾರ.

ಅಂತರ್ಜಲ

50 ಕೆಜಿ ಉಪ್ಪಿನಲ್ಲಿ ಸುಮಾರು 20 ಕೆಜಿ ಸೋಡಿಯಂ. 7 ಅಡಿ ಉದ್ದ, 4 ಅಡಿ ಅಗಲ, ಆರೂವರೆ ಅಡಿ ಆಳದ ಕುಣಿ ಅಂದರೆ 182 ಘನ ಅಡಿ, ಎರಡು ಟ್ರ್ಯಾಕ್ಟರ್ ಟ್ರೇಲರಿಗೆ ಸ್ವಲ್ಪ ಕಡಿಮೆ, ತೂಕ ಏಳು ಟನ್ ಆಸುಪಾಸು. ಅದರಲ್ಲಿ 50 ಕೆಜಿ ಅಂದರೆ ಸಾವಿರಕ್ಕೆ ಏಳು ಪಾಲು ಉಪ್ಪು. ಸಾವಿರಕ್ಕೆ ಎರಡು ಮೂರು ಪಾಲಿಗೇ ಬಹಳ ಬೆಳೆಗಳು ಸೊರಗುತ್ತವೆ. ಕುಣಿಯಲ್ಲಿ ಎಲ್ಲ ಉಪ್ಪೂ ತಳದಲ್ಲೇ ಇರುವುದರಿಂದ ಅಲ್ಲಿ ಇನ್ನೂ ತೀವ್ರ.

ಸೋಡಿಯಂ ಎರೆ ಮಣ್ಣಿನ ಜೇಡಿಕಣಗಳನ್ನು ಬಿಡಿಸಿಹಾಕುತ್ತದೆ. ಒದ್ದೆಯಾದರೆ ಅಂಟು, ಒಣಗಿದರೆ ಕಲ್ಲು. ನೀರು ಇಳಿಯುವುದಿಲ್ಲ, ಗಾಳಿ ಆಡುವುದಿಲ್ಲ. ಉಪ್ಪಿನಕಾಯಿಗೆ ಉಪ್ಪು ಹಾಕುವುದು ಕೆಡದಿರಲಿ ಅಂತ ತಾನೇ? ಇಲ್ಲಿ ಮಾತ್ರ ಬೇಗ ಕೆಡುತ್ತದೆ ಅಂತ ಹೇಗಾಗುತ್ತದೆ? ಹಿರಿಯರ ಮುಂದೆ ಇದೇ ಮಾತು ಇಡಿ. ಶಾಸ್ತ್ರಕ್ಕೆ ಒಂದು ಸೇರು ಹಾಕಿ, ಭೂಮಿಗೆ ಏನೂ ಆಗುವುದಿಲ್ಲ. ವಾಸನೆಗೆ ಉಪಾಯ ಉಪ್ಪಲ್ಲ, ಮೂರೂಕಾಲು ಅಡಿ ಮಣ್ಣು ಮತ್ತು ಬಿರುಕು ಮುಚ್ಚುವುದು.

ಚೀಲಗಟ್ಟಲೆ ಉಪ್ಪು ಹಾಕಿದ ಹಳೇ ಸಮಾಧಿ ಹೊಲದಲ್ಲಿದ್ದು ಅದರ ಸುತ್ತ ಬೆಳೆ ಬೋಳಾಗಿದ್ದರೆ, ಅಲ್ಲಿ ಜಿಪ್ಸಂ ಹರಡಿ ಮಳೆಗೆ ಮುಂಚೆ ಮಣ್ಣಿಗೆ ಕೂಡಿಸಿ. ಕ್ಯಾಲ್ಸಿಯಂ ಸೋಡಿಯಮ್ಮಿನ ಜಾಗ ಹಿಡಿಯುತ್ತದೆ. ಆದರೆ ಬಿಟ್ಟುಹೋದ ಸೋಡಿಯಂ ಬಸಿದು ಹೋಗಲು ಬಸಿಗಾಲುವೆ ಇಲ್ಲದಿದ್ದರೆ ಜಿಪ್ಸಂ ಹಾಕಿಯೂ ದಂಡ.

ಘಟ್ಟದಂಚು, ಬೆಳಗಾವಿ

ಸುಡುವುದು, ಹೂಳುವುದು ಯಾವುದು ಒಳ್ಳೆಯದು ಅನ್ನುವುದಕ್ಕೆ ಒಂದೇ ಉತ್ತರ ಇಲ್ಲ. ಬಯಲಲ್ಲಿ ಕಟ್ಟಿಗೆ ಒಟ್ಟಿ ಸುಟ್ಟರೆ 400ರಿಂದ 600 ಕೆಜಿ ಕಟ್ಟಿಗೆ. ನೆಲದಿಂದ ಎತ್ತರಿಸಿದ ಕಬ್ಬಿಣದ ಜಾಳಿಗೆ, ಮೇಲೆ ಹೊಗೆಗೂಡು ಇರುವ ಮೋಕ್ಷದಾ ಮಾದರಿಯ ಚಿತೆಯಲ್ಲಿ 150ರಿಂದ 200 ಕೆಜಿಯಲ್ಲಿ ಮುಗಿಯುತ್ತದೆ. ಕೆಳಗಿನಿಂದ ಗಾಳಿ ಹೋಗುತ್ತದೆ, ಅದೇ ಗುಟ್ಟು. ವಿದ್ಯುತ್ ಚಿತಾಗಾರ ದಿನವಿಡೀ ಬಿಸಿಯಾಗಿದ್ದರೆ ಮಾತ್ರ ಲಾಭ. ದಿನಕ್ಕೊಂದು ದೇಹಕ್ಕೆ ತಣ್ಣನೆಯ ಕುಲುಮೆ ಕಾಯಿಸಿದರೆ ಕಾಯಿಸಲಿಕ್ಕೇ ಹೆಚ್ಚು ಕರೆಂಟು ಹೋಗುತ್ತದೆ.

ಬೆಳಗಾವಿ, ಖಾನಾಪುರದಲ್ಲಿ ಮಳೆಗಾಲದ ನಾಲ್ಕು ತಿಂಗಳು ಕಟ್ಟಿಗೆ ಹಸಿ. ಹಸಿ ಕಟ್ಟಿಗೆ ತನ್ನ ನೀರನ್ನು ಆವಿ ಮಾಡುವುದರಲ್ಲೇ ಶಾಖ ಕಳೆಯುತ್ತದೆ, ಉರಿಯುವುದಿಲ್ಲ, ಹೊಗೆಯುತ್ತದೆ. ಆಗ ಡೀಸೆಲ್, ಹಳೇ ಟೈರು ಹಾಕುತ್ತಾರೆ. ಟೈರಿನ ಹೊಗೆ ಸುತ್ತಲಿನ ಓಣಿಯವರ ಎದೆಗೆ ಇಳಿಯುತ್ತದೆ, ದಯವಿಟ್ಟು ಹಾಕಬೇಡಿ. ಶೆಡ್ಡಿನಡಿ ಒಣಗಿಸಿದ ಬಳ್ಳಾರಿ ಜಾಲಿ, ಕುಳ್ಳು, ಕಬ್ಬಿನ ಸಿಪ್ಪೆಯ ಬ್ರಿಕೆಟ್ ಒಳ್ಳೆಯ ಉರಿ ಕೊಡುತ್ತವೆ. ಬಳ್ಳಾರಿ ಜಾಲಿ ಕಡಿದಷ್ಟೂ ಹೊಲಕ್ಕೆ ಲಾಭವೇ. ಮಾವಿನ ಮರ ಕಡಿದು ಸುಡುವುದಕ್ಕೂ ಇದಕ್ಕೂ ಬಹಳ ಅಂತರ ಇದೆ.

ಬೂದಿಯಲ್ಲಿ ವಿಷ ಇಲ್ಲ, ಆದರೆ ಕ್ಷಾರ ಜಾಸ್ತಿ. ಎರಡು ಮೂರು ಕೆಜಿ ಅಸ್ಥಿಬೂದಿಯನ್ನು ಪೂರಾ ಒಂದೇ ಸಸಿಯ ಬುಡಕ್ಕೆ ಸುರಿದರೆ ಸಸಿ ಒಣಗುತ್ತದೆ. ಹಿಡಿಹಿಡಿಯಾಗಿ ಹೊಲಕ್ಕೆ ಎರಚಿ. ಕೂಡಲಸಂಗಮದಲ್ಲೋ ಘಟಪ್ರಭೆಯಲ್ಲೋ ಬಿಡುವವರು ಬೂದಿಯಷ್ಟೇ ಬಿಡಿ. ಪ್ಲಾಸ್ಟಿಕ್ ಚೀಲ, ಬಟ್ಟೆ, ಫೋಟೋ ನೀರಿಗೆ ಎಸೆಯುವುದು ಯಾವ ಶಾಸ್ತ್ರದಲ್ಲೂ ಇಲ್ಲ.

ನಮ್ಮ ಕೆಂಪು ಜಂಬಿಟ್ಟಿಗೆ ಮಣ್ಣು ಹುಳಿ, ನಿಮ್ಮ ಎರೆ ಕ್ಷಾರ. ನಮ್ಮಲ್ಲಿ ಎಲುಬು ಬೇಗ ಕರಗುತ್ತವೆ, ನಿಮ್ಮಲ್ಲಿ ದಶಕಗಟ್ಟಲೆ ಉಳಿಯುತ್ತವೆ. ಹಾಗಾಗಿ ಅದೇ ಜಾಗದಲ್ಲಿ ಮತ್ತೊಂದು ಕುಣಿ ತೆಗೆಯುವ ಯೋಚನೆ ಇದ್ದರೆ ಬಿಡಿ, ಪಕ್ಕದಲ್ಲಿ ಆರು ಅಡಿ ಬಿಟ್ಟು ತೆಗೆಯಿರಿ.

ಲಹದ್

ಒಂದು ಮಾತು ಸೇರಿಸುವೆ. ನಮ್ಮ ಮುಸ್ಲಿಮರಲ್ಲಿ ಕುಣಿಯ ತಳದಲ್ಲಿ ಕಿಬ್ಲಾ (ಮೆಕ್ಕಾದ ದಿಕ್ಕು) ಬದಿಯ ಗೋಡೆಗೆ ಗೂಡು ಕೊರೆದರೆ ಲಹದ್, ಮಣ್ಣು ಸಡಿಲಾಗಿದ್ದರೆ ನಡುವೆ ಕಾಲುವೆಯಂತೆ ತೆಗೆದು ಮೇಲೆ ಕಲ್ಲು ಹಾಸಿದರೆ ಶಕ್. ಹಸಿ ಎರೆಯಲ್ಲಿ ಎರಡನೆಯದೇ ಸರಿ, ಸಲಿಕಿ_ಗುದ್ದಲಿಯವರು ಹೇಳಿದ ಕಾರಣಕ್ಕೇ. ಕಫನ್, ಅಂದರೆ ಹೆಣಕ್ಕೆ ಸುತ್ತುವ ಬಟ್ಟೆ, ಗಂಡಸಿಗೆ ಮೂರು ತುಂಡು, ಹೆಂಗಸಿಗೆ ಐದು, ಬಿಳಿ ಹತ್ತಿ. ಪೆಟ್ಟಿಗೆ ಇಲ್ಲ. ಇಂಗ್ಲೆಂಡಿನ ಕಾರ್ಲೈಲ್‌ನಲ್ಲಿ 1993ರಲ್ಲಿ ಶುರುವಾದ ಹಸಿರು ಸ್ಮಶಾನದಲ್ಲೂ ಇದನ್ನೇ ಹೊಸ ವಿಚಾರದಂತೆ ಮಾಡುತ್ತಾರೆ, ನಮ್ಮ ಊರುಗಳಲ್ಲಿ ಅಜ್ಜಂದಿರ ಕಾಲದಿಂದ ನಡೆದದ್ದು. ಕೆಡುತ್ತಿರುವುದು ಕಲ್ಲಿನ ಬದಲು ಕಾಂಕ್ರೀಟ್ ಹಲಗೆ ಇಳಿಸತೊಡಗಿದ ಮೇಲೆ. ಪರಸಿ ಕಲ್ಲು ಅಥವಾ ಬೇವಿನ ಹಲಗೆ ಇರಲಿ.

ಸಲಿಕಿ_ಗುದ್ದಲಿ, ಬಾಗಲಕೋಟಿ

ಗದ್ದುಗಿ ವಿಷಯ ಉಳೀತು. ಮೂರನೇ ದಿನಕ್ಕ ಸಿಮೆಂಟ್ ಗದ್ದುಗಿ ಕಟ್ಟಿದ್ರ ಎರಡನೇ ಮಳಿಗೆ ಅದು ಬಾಯಿ ಬಿಡೂದು ಖಾತ್ರಿ. ತುಂಬಿದ ಮಣ್ಣು ಇಳೀತೈತಿ, ಸುತ್ತಲಿನ ಎರಿ ಮಳಿಗೆ ಉಬ್ಬತೈತಿ, ಬಿಸಿಲಿಗೆ ಕುಗ್ಗತೈತಿ. ನಡುವ ಸಿಕ್ಕ ಸಿಮೆಂಟ್ ಏನು ಮಾಡಬೇಕು? ಮ್ಯಾಲ ಗ್ರಾನೈಟ್ ಹಾಕಿದ್ರ ಭಾರ ಇನ್ನೂ ಹೆಚ್ಚು, ಒಂದು ಬದಿಗೆ ವಾಲಿ ಕೂಡತೈತಿ. ಒಂದು ಚೀಲ ಸಿಮೆಂಟ್ ಮಾಡಾಕ ಭಾಳಷ್ಟು ಇಂಗಾಲದ ಹೊಗಿ ಮ್ಯಾಲ ಹೋಗಿರತೈತಿ ಅನ್ನೂದು ಬ್ಯಾರೆ ಮಾತು.

ಎರಡು ಮಳಿಗಾಲ ಬಿಡ್ರಿ. ಆಮ್ಯಾಲ ಒಂದು ಅಡಿ ಮಣ್ಣು ತಗದು ಗರಸು ತುಂಬಿ, ಅದರ ಮ್ಯಾಲ ಗಾರಿ ಇಲ್ಲದಂಗ ಕಲ್ಲು ಕೂಡಸ್ರಿ. ಸುತ್ತ ಬಾದಾಮಿ ಕಡೆಯ ಕೆಂಪು ಕಲ್ಲು ಒಂದೂವರಿ ಅಡಿ ಎತ್ತರ, ನಡುವ ಮಣ್ಣು, ಮ್ಯಾಲ ತುಳಸಿ ಇಲ್ಲಾ ಗರಿಕಿ. ಕಲ್ಲು ಅಲಗಾಡಿದ್ರ ಎತ್ತಿ ಮತ್ತ ಕೂಡಸಬಹುದು.

ಕಾಗದ ಪತ್ರದ್ದೂ ಮರೀಬ್ಯಾಡ್ರಿ. ಪಂಚಾಯ್ತಿಗೆ ಬರದು ಕೊಟ್ಟು ಒಪ್ಪಿಗಿ ಲಿಖಿತದಾಗ ಇಸಗೋರ್ರಿ. ಮರಣ 21 ದಿನದೊಳಗ ನೋಂದಣಿ ಆಗಬೇಕು. ಉತಾರ, ಸರ್ವೆ ನಕಾಶದ ಝೆರಾಕ್ಸ್ ಮ್ಯಾಲ ಕುಣಿ ಎಲ್ಲೈತಿ ಅಂತ ಬದುವಿನಿಂದ ಅಳತಿ ಹಾಕಿ ಗುರುತು ಮಾಡಿ ಇಡ್ರಿ. ನಾಳೆ ಹೊಲ ಹಂಚಿಕಿ ಆದಾಗ ಅದರ ಮ್ಯಾಲ ಬೋರ್ ಹೊಡಸಬಾರದಲ್ಲ.

ಎರಿಹೊಲ

ಹಳೇ ಬಾವಿಯಾಗ ಟೇಪು ಬಿಟ್ಟು ನೋಡಿದೆವ್ರಿ. ಆರು ಅಡಿ ಎರಿ, ಅದರ ಕೆಳಗ ಎರಡು ಅಡಿ ಸುಣ್ಣಕಲ್ಲಿನ ಹರಳು ಕೂಡಿದ ಹಳದಿ ಮಣ್ಣು, ಎಂಟನೇ ಅಡಿಗೆ ಗರಸು ಹತ್ತೇದ. ಬೋರಿನಿಂದ ಎದುರಿನ ಮೂಲಿಗೆ 150 ಮೀಟರ್, ಹಳ್ಳ ಅಲ್ಲಿಂದ 45 ಮೀಟರ್. ಜಾಗ ಸರಿ ಅದ, ಆದ್ರ ಆರೂವರಿ ಅಡಿ ತಗದ್ರ ಕೆಳಗ ಒಂದೂವರಿ ಅಡಿನೇ ಮಣ್ಣು ಉಳೀತದಲ್ಲ?

ಅಂತರ್ಜಲ

ಹೌದು, ಸಾಲದು. ಗರಸನ್ನು ಮಣ್ಣಿನ ಲೆಕ್ಕಕ್ಕೆ ಹಿಡಿಯಬೇಡಿ, ಅದು ಶಿಥಿಲವಾದ ಕಲ್ಲು, ಸೋಸುವುದಿಲ್ಲ. ಕೆಳಗೆ ಹೋಗುವ ಬದಲು ಮೇಲಕ್ಕೆ ಬನ್ನಿ. ಕುಣಿ ಐದು ಅಡಿಗೆ ನಿಲ್ಲಿಸಿ, ತಳದಲ್ಲಿ ಮೂರು ಅಡಿ ಮಣ್ಣು ಉಳಿಯುತ್ತದೆ, ಒಂದು ಮೀಟರಿಗೆ ಮೂರು ಇಂಚಷ್ಟೇ ಕಡಿಮೆ. ಮೇಲೆ ದಿಬ್ಬ ಎರಡು ಅಡಿ ಏರಿಸಿ, ಕುಸಿದ ಮೇಲೂ ಒಂದೂವರೆ ಅಡಿ ಉಳಿಯಬೇಕು. ಕೂತವರ ತಲೆಯ ಮೇಲೆ ಮೂರೂಮುಕ್ಕಾಲು ಅಡಿ ಹೊದಿಕೆ ಆಯಿತು. ಅಗೆದ ಮಣ್ಣು ಅಷ್ಟಕ್ಕೆ ಸಾಲದೆ ಹೋದರೆ ಅದೇ ಹೊಲದ ಬದುವಿನಿಂದ ಒಂದು ಟ್ರೇಲರ್ ತಂದು ಹಾಕಿ. ದಿಬ್ಬದ ಮೇಲ್ಬದಿಗೆ ಅರ್ಧ ಅಡಿ ಆಳದ ಕಾಲುವೆ ತೆಗೆದು ಮಳೆನೀರನ್ನು ಪಕ್ಕಕ್ಕೆ ತಿರುಗಿಸಿ, ಇಲ್ಲದಿದ್ದರೆ ದೊಡ್ಡ ಮಳೆಗೆ ದಿಬ್ಬ ಕೊಚ್ಚಿ ಹೋಗುತ್ತದೆ.

ಸಲಿಕಿ_ಗುದ್ದಲಿ, ಬಾಗಲಕೋಟಿ

ಐದು ಅಡಿಯಾಗ ಗೂಡು ಬರೂದಿಲ್ಲ, ಗೂಡಿನ ಮ್ಯಾಲ ಎರಡು ಅಡಿ ಮಣ್ಣಷ್ಟ ಉಳದು ಮುರುದು ಬೀಳತೈತಿ. ನಡುವ ಕೂಡಿಸಿ, ಬೆನ್ನಿಗೂ ಎರಡು ಬಗಲಿಗೂ ಹಸಿ ಇಟ್ಟಂಗಿ ಆಸರ ಕೊಡಬೇಕಾಗತೈತಿ. ಅಯ್ಯನವರನ್ನ ಈಗ ಕರದು ಜಾಗ ತೋರಿಸಿ ಕೇಳಿ ಇಡ್ರಿ, ಆ ದಿನ ಕುಣಿ ದಂಡಿಗೆ ನಿಂತು ವಾದ ಆಗೂದು ಬ್ಯಾಡ. ಹಸಿ ಇಟ್ಟಂಗಿ ಒಂದು ನೂರು ಮಾಡಿಸಿ, ಕೊಟಗಿಯಾಗ ನೆರಳಿಗೆ ಒಟ್ಟಿ ಇಟ್ಟಿರ್ರಿ.